ಚುಕ್ಕೆ

ಸೂರ್ ಪಟ್ಟಣದ ಕಚೇರಿ. ಅರ್ಜಿಯಲ್ಲಿ ಮೂರು ಮನೆ:
ನಿನ್ನ ಹೆಸರು, ಅಪ್ಪನದು, ಅಜ್ಜನದು.
ಇನಿಷಿಯಲ್ ನಡೆಯುವುದಿಲ್ಲವಂತೆ.

ಟಿ. ವಾರಿಜ ಎಂದೇ ಬರೆದಿದ್ದೆ ಇಷ್ಟು ವರ್ಷ.
ಹಾಜರಿ ಕೂಗುವಾಗ ಹಿಂದಿನ ಬೆಂಚು
ಕಿಸಕ್ಕೆಂದ ದಿನದಿಂದ
ಅಪ್ಪನನ್ನು ಒಂದಕ್ಷರಕ್ಕೆ ಮಡಚಿ
ಚುಕ್ಕೆಯ ಮೊಳೆ ಹೊಡೆದಿದ್ದೆ.

ಬಿಡಿಸಿ ಬರಿ, ಅಂದ ಗುಮಾಸ್ತ.
ಬಿಡಿಸಿದೆ. ತುಕ್ರ. ಅವನಪ್ಪ ಅಂಗಾರ.

ಅರ್ಥ?

ಹುಟ್ಟಿದ ವಾರ. ಬೇರೆ ಹೆಸರಿಟ್ಟರೆ
ಧಣಿಗಳಿಗೆ ಸಿಟ್ಟು;
ವಾರಗಳು ಮಾತ್ರ ಪುಕ್ಕಟೆ.
ಇಷ್ಟೆಲ್ಲ ನನ್ನ ಲಾಂಡ್ರಿ ಅರಬಿಗೆ ಎಟುಕದೆ
ಜುಮಾ, ಅಂದೆ. ಶುಕ್ರವಾರ.

ಅವನು ಎದೆಯ ಬಿಲ್ಲೆ ತಿರುಗಿಸಿ ತೋರಿಸಿದ:
ಜುಮಾ ಬಿನ್ ಖಮೀಸ್.
ಗುರುವಾರದ ಮಗ ಶುಕ್ರವಾರ.
ಅವನ ಮುತ್ತಜ್ಜನೂ ಒಬ್ಬ ಖಮೀಸನೇ,
ಈ ದಂಡೆಯಲ್ಲಿ ಹಡಗು ಕಟ್ಟುತ್ತಿದ್ದನಂತೆ.
ನಮ್ಮ ಗುರುವಜ್ಜ ಪರರ ದೋಣಿಗೆ ಎಣ್ಣೆ ಬಳಿಯುತ್ತಿದ್ದ.

ಬಲದಿಂದ ಎಡಕ್ಕೆ, ನಿಧಾನ, ಬರೆದ:
ವಾರಿಜ ಬಿಂತ್ ತುಕ್ರ.
ಇದರಲ್ಲಿ ನನ್ನಪ್ಪ ಯಾವುದು?
ಪೆನ್ನಿನ ತುದಿ ಇಟ್ಟು ತೋರಿಸಿದ.
ಮೊದಲಕ್ಷರದ ನೆತ್ತಿಯ ಮೇಲೆ ಎರಡು ಚುಕ್ಕೆ.

ಇವು ಯಾಕೆ, ಅಂದೆ.
ತೆಗೆದರೆ, ಅಂದ,
ಯಾರೂ ಅವನನ್ನು ಓದಲಾರರು.