ಕೊನೆಗೊಂದು ‘ಇ’

ಮೊದಲೇ ಹೇಳಿಬಿಡುತ್ತೇನೆ, ಅದು ದೊಡ್ಡ ಪ್ರಾಣಿ ಅಲ್ಲ.
ಕಿರುಬೆರಳಿನ ಎರಡು ಗೆಣ್ಣು ಉದ್ದ, ಒಣಗಿದ ಜೋಳದ ದಂಟಿನ ಬಣ್ಣ,
ಶಹಾಬಾದಿನ ಹಳೆಯ ಖಣಿಯಲ್ಲಿ, ಪರಸಿ ಕಲ್ಲಿನ ಅಟ್ಟಿಯ ಸಂದಿಯಲ್ಲಿ
ತಾನೂ ಒಂದು ಪದರವೆಂಬಂತೆ ಚಪ್ಪಟೆಯಾಗಿ ಕೂತಿತ್ತು.
ಅಮಾಸೆಯ ರಾತ್ರಿ. ನೇರಳೆ ಬ್ಯಾಟರಿ ಹಿಡಿದಿದ್ದವರು ಲಾಡ್ಲೇಸಾಬರು,
ನಮ್ಮ ಪ್ರಾಣಿಶಾಸ್ತ್ರ ವಿಭಾಗದ ಅಟೆಂಡರು.
ಆ ಬೆಳಕಿಗೆ ಚೇಳು ಹಸಿರಾಗಿ ಉರಿಯುತ್ತದೆಂದು
ನಾನು ಓದಿದ್ದೆ. ಅವರು ಓದಿರಲಿಲ್ಲ, ಕಂಡರು.
“ಮೇಡಂ, ಚಾಂದ್ ಮೂಡ್ಯದ ನೋಡ್ರಿ ಕಲ್ಲಾಗ.”

ಇಪ್ಪತ್ತೊಂಬತ್ತು ವರ್ಷ ಜಾಡಿಗಳಿಗೆ ಸ್ಪಿರಿಟ್ ತುಂಬಿದ ಕೈ.
ಕಲಬುರಗಿಯ ಬಿಸಿಲು ಬಿಗಿದ ಮುಚ್ಚಳದೊಳಗಿಂದಲೂ ಕುಡಿಯುತ್ತದೆ;
ಏಪ್ರಿಲ್ಲಿನಲ್ಲಿ ಸೋಮವಾರಕ್ಕೊಮ್ಮೆ, ಮೇ ಬಂದರೆ ದಿನಾ,
ಕಪ್ಪೆ, ಹಾವು, ಹಲ್ಲಿಗಳ ನೆತ್ತಿ ಒಣಗದ ಹಾಗೆ
ಕೂಸಿಗೆ ಎಣ್ಣೆ ಎರೆದಂತೆ ಎರೆಯುತ್ತಾರೆ.

ಚೀಟಿಗಳಲ್ಲಿ ಎಷ್ಟೊಂದು ದೊರೆಗಳು!
ಹಲ್ಲಿಯಲ್ಲೊಬ್ಬ ಕರ್ನಲ್, ಕಪ್ಪೆಯಲ್ಲೊಬ್ಬ ಪಾದ್ರಿ,
ಕುರುಡುಹಾವಿನಲ್ಲಿ ಯಾರೋ ರೈಲ್ವೆ ಇಂಜಿನಿಯರನ ಅಕ್ಕ.
ಹಿಡಿದು ತಂದವನ ಬಗ್ಗೆ ದಪ್ತರದಲ್ಲಿ ಒಂದೇ ಸಾಲು:
ಒಬ್ಬ ಆಳು, ಎರಡಾಣೆ ಕೊಟ್ಟೆ.

ಪದ್ಧತಿ ಹೀಗಿದೆ. ನಮ್ಮ ಹೆಸರನ್ನು ನಾವೇ ಇಟ್ಟುಕೊಳ್ಳುವುದಿಲ್ಲ.
ಗಂಡಸಾದರೆ ಕೊನೆಗೊಂದು ‘ಇ’, ಹೆಂಗಸಾದರೆ ‘ಏ’,
ಬಹಳ ಮಂದಿಯಾದರೆ ‘ಓರಮ್’.
ಲ್ಯಾಟಿನ್ನಿನ ಷಷ್ಠಿ ಅದು, ಸಾಲೆಯಲ್ಲಿ ಮಾಸ್ತರರು
ಮೇಜು ಕುಟ್ಟಿ ಹೇಳಿಸುತ್ತಿದ್ದ ನಮ್ಮದೇ ‘ಅ’: ರಾಮನ, ಭೀಮನ.
ಇದು ಇಂಥವರದು ಎನ್ನಲು ರೋಮಿನವರಿಗೂ
ಒಂದು ಸ್ವರ ಬೇಕಾಯಿತಲ್ಲ ಎಂದು
ನಡುರಾತ್ರಿ ಒಬ್ಬಳೇ ನಕ್ಕು, ಬರೆದೆ: ಲಾಡ್ಲೆಯಿ.

ವರ್ಷದ ಮೇಲೆ ಮೂರು ತಿಂಗಳು ಹಿಡಿಯಿತು.
ಬಾಲದ ಗಂಟು ಅಳೆದೆ, ಹೊಟ್ಟೆಯಡಿಯ ಬಾಚಣಿಗೆಯ ಹಲ್ಲು ಎಣಿಸಿದೆ.
ಪರಿಶೀಲಕರಲ್ಲೊಬ್ಬರು ಕೇಳಿದರು:
ಈ ಲಾಡ್ಲೆ ಯಾವ ವಿಶ್ವವಿದ್ಯಾಲಯದವರು?

ಅಚ್ಚಾದ ಹಾಳೆ ಒಯ್ದಾಗ ಅವರು ಖಾಲಿ ಜಾಡಿ ತಿಕ್ಕುತ್ತಿದ್ದರು.
“ಚೇಳಿಗಿ ನನ್ನ ಹೆಸರಾ? ಯಾಕ್ರೀ ಮೇಡಂ, ನಾ ಏನ್ ತಪ್ಪ ಮಾಡೀನಿ?
ನಾಳಿ ಯಾರಿಗರ ಕಡೀತಂದ್ರ,
ಲಾಡ್ಲೇಸಾಬ ಕಡದಾನಂತ ದವಾಖಾನಿಗಿ ಓಡ್ತಾರ.”
ಆಮೇಲೆ ಕೈ ಒರೆಸಿಕೊಂಡು, “ಇದರಾಗ ನಾ ಎಲ್ಲಿ ಅದೀನಿ?”
ತೋರಿಸಿದೆ. ಓರೆ ಅಕ್ಷರ.
“ಸೊಟ್ಟ ನಿಂತೀನಲ್ರೀ.”

ಇನ್ನೊಂದು ಜಾಡಿ ಮುಗಿಯುವವರೆಗೆ ಮಾತಿಲ್ಲ.
“ಇದು ನಂದಲ್ರೀ ಹೆಸರು. ಮೂರು ಕೂಸು ಉಳೀಲಿಲ್ಲಂತ
ನಮ್ಮವ್ವ ಆಳಂದದ ದರ್ಗಾಕ್ಕ ನಡಕೋತ ಹೋಗಿ ಬೇಡ್ಕೊಂಡಿದ್ಳು,
ಹುಟ್ಟಿದ್ದು ಉಳದ್ರ ನಿಮ್ಮ ಹೆಸರೇ ಇಡ್ತೀನಂತ. ಉಳದೆ.
ನಮ್ಮ ಓಣ್ಯಾಗ ನಾಕ ಮಂದಿ ಲಾಡ್ಲೇ ಅದಾರ,
ಎಲ್ಲಾರೂ ಕಡ ತಂದದ್ದೇ.”

ನನ್ನ ಲೇಖನದಲ್ಲಿ ಹೆಸರಿನ ವ್ಯುತ್ಪತ್ತಿ ಎಂದೊಂದು ಪ್ಯಾರಾ ಇದೆ.
ಅದರಲ್ಲಿ ಈ ನಡಿಗೆ ಇಲ್ಲ, ಆ ಮೂರು ಕೂಸುಗಳಿಲ್ಲ.
ಅವ್ವನ ಹೆಸರು ಕೇಳಿದೆ. ಖಾಜಾಬಿ.
ಮನಸ್ಸಿನಲ್ಲೇ ಕೊನೆಗೊಂದು ‘ಏ’ ಹಚ್ಚಿ ನೋಡಿದೆ,
ಹಿತ್ತಲಿಂದ ಯಾರೋ ಕೂಗಿ ಕರೆದಂತಾಯಿತು.

ಖಣಿಗೆ ಈಗ ಸಿಮೆಂಟು ಕಾರ್ಖಾನೆಯ ಬೂದಿ ಸುರಿಯುತ್ತಿದ್ದಾರೆ.
ಮತ್ತೆರಡು ಅಮಾಸೆ ಹೋಗಿ ಬಂದೆವು;
ನೇರಳೆ ಬೆಳಕಿಗೆ ಹೊಳೆದದ್ದು ಬರೀ ಬಿಳಿ ಕಾಗದದ ಚೂರು.
ಹೆಸರು ಹೊತ್ತ ಆ ಒಂದೇ ಚೇಳು ಕೋಲ್ಕತ್ತಾದ ಕಪಾಟಿನಲ್ಲಿದೆ,
ಕೊರಳಿಗೆ ಕೆಂಪು ಚೀಟಿ ಕಟ್ಟಿದ ಜಾಡಿಯಲ್ಲಿ.

“ಅಲ್ಲಿ ಸ್ಪಿರಿಟ್ ಯಾರು ಹಾಕ್ತಾರ್ರೀ?” ಬಸ್ಸಿನಲ್ಲಿ ಕೇಳಿದರು.
“ಹೊಸ ಹುಡುಗ ಇದ್ರ ಮರೀತಾನ. ಒಂದು ಪತ್ರ ಬರೀರಿ.”

ಬರೆದಿದ್ದೇನೆ. ಇನ್ನೂ ಉತ್ತರ ಬಂದಿಲ್ಲ.