ಹೊಗೆ ಇಲ್ಲದ ಮದ್ದು

ತಕ್ಕಡಿಯ ನಾಲಗೆ ಎಡಕ್ಕೆ ವಾಲುತ್ತಿದೆ ಎಂದು
ದಾವಲಸಾಬರು ಬೆಟಗೇರಿಗೆ ಹೇಳಿಕಳಿಸಿದ್ದರು.
ಹೋದೆ ಮುಳಗುಂದ ನಾಕಾಕ್ಕೆ,
ಅಪ್ಪನ ಚಿಮಟ, ಅಪ್ಪನ ಬಟ್ಟುಗಳ ಡಬ್ಬಿ ಹಿಡಿದು.

ಪೊಲೀಸರ ಬಂದೂಕು ಬಿಚ್ಚಿ ಜೋಡಿಸಿ ನಿವೃತ್ತವಾದ ಕೈ
ಈಗ ಗೋಡೆಯ ಲೈಸೆನ್ಸಿನ ಕೆಳಗೆ ಕೂತು
ಕ್ಲಬ್ಬಿನ ಪಿಸ್ತೂಲುಗಳಿಗೆ ತೋಟಾ ಕಟ್ಟುತ್ತದೆ.
ಎಡಗೈಯಲ್ಲಿ ಬೆರಳು ಮೂರು.
ಕೇಳಲಿಲ್ಲ.

ಬಿಳಿ ಕಾಗದದ ಮೇಲೆ ಮೂರು ಗುಪ್ಪೆ:
ಒಂದು ಗಸಗಸೆಯ ಹಾಗೆ ಉರುಳುವುದು,
ಒಂದು ಮುರಿದ ಶಾವಿಗೆಯ ಚೂರು,
ಒಂದು ಅವಲಕ್ಕಿ, ಇರುವೆಗಳ ಮದುವೆಗೆ ಕುಟ್ಟಿದಷ್ಟು ಸಣ್ಣದು.

“ಇದರಾಗ ಯಾವುದು ಛಲೋ?”

“ಯಾರಿಗೆ ಅಂತ ಮೊದಲ ಕೇಳಬೇಕವಾ.
ಉದ್ದ ನಳಿಗಿಗೆ ಪುರಸೊತ್ತ ಇರತೈತಿ, ನಿಧಾನ ಉರದ್ರೂ ನಡೀತೈತಿ.
ಗಿಡ್ಡ ನಳಿಗಿ ಅಂದ್ರ ತಾಳ್ಮಿ ಇಲ್ಲದ ಮನಷ್ಯಾ,
ಅಂವಗ ನಿಧಾನದ ಮಾತ ಹೇಳಿದಿ ಅನ್ನು,
ಅರ್ಧಾ ಮಾತ ಬಾಗಲಾ ದಾಟಿದ ಮ್ಯಾಲೆ ಉರೀತೈತಿ.”

ನಮ್ಮಜ್ಜಿ ಡೋಣಿಯವಳು,
ಕಪ್ಪತಗುಡ್ಡ ಹತ್ತಿ ಬೇರು ತರುತ್ತಿದ್ದಳು.
ಅವಳ ಗಂಟಿನಲ್ಲಿದ್ದದ್ದೂ ಮದ್ದು, ಇದೂ ಮದ್ದು.
ಎರಡಕ್ಕೂ ಒಂದೇ ಹೆಸರಿಟ್ಟವರು ಏನು ಕಂಡಿದ್ದರೋ.
ಅವಳೂ ಹೀಗೇ ಮೂಸುತ್ತಿದ್ದಳು, ಕಣ್ಣು ಮುಚ್ಚಿ.
ದಾವಲಸಾಬರ ಮೂಗು ಡಬ್ಬಿಯ ಬಾಯಿಗೆ:
ಸ್ಪಿರಿಟ್ಟಿನ ತಂಪು ಘಾಟಿದ್ದರೆ ಜೀವ ಇದೆ,
ಹುಳಿ ನಾತ ಬಂದರೆ ಕೆಟ್ಟಿದೆ.

ತಕ್ಕಡಿಗೆ ಏನೂ ಆಗಿರಲಿಲ್ಲ.
ಕೀಲಿನ ಅಂಚಿಗೆ ಸಿಕ್ಕ ಒಂದು ಬಿಳಿ ಕೂದಲು, ಅವರದೇ.
ತೆಗೆದೆ. ಗುಲಗಂಜಿಯ ಒಂದು ಚೂರಿಗೂ ತಲೆದೂಗಿತು.

ಆಗ ಅವರೇ ಅಂದರು, ಕೈ ಬಚ್ಚಿಡದೆ:
“ಗಸಗಸಿ ಮದ್ದು. ಚಿಟಿಕಿ ಸಾಕು, ಅಗ್ಗ ಬೀಳತೈತಿ.
ಖರೆ, ಎರಡ ಸಲ ಹಾಕಿದ್ರೂ
ಹಿತ್ತಾಳಿ ಕೊಳವಿ ಹೊಟ್ಟಿ ತುಂಬೂದಿಲ್ಲ, ಗೊತ್ತ ಆಗೂದಿಲ್ಲ.
ಅವತ್ತ ಯಾರೋ ಬಂದು ‘ಹೆಣ್ಣ ಹುಟ್ಟೈತಿ’ ಅಂದ್ರು.
ನಕ್ಕೆ.
ಎಲ್ಲಿಗೆ ಬಂದಿದ್ದೆ ಅನ್ನೂದು ಮರತೆ.”

ಅವಲಕ್ಕಿಯ ಗುಪ್ಪೆಯನ್ನು ಹತ್ತಿರಕ್ಕೆಳೆದರು.
“ಇದು ಜಾಗಾ ಭಾಳ ತಿಂತೈತಿ.
ತಪ್ಪಿ ಎರಡನೇ ಸಲ ಸುರದ್ರ
ಉಕ್ಕಿ ಮೇಜಿನ ಮ್ಯಾಲೆ ಚೆಲ್ಲಿ, ‘ಏ ಮುದಕಾ’ ಅಂತೈತಿ.
ನನಗ ಈಗ ಜೋರು ಬ್ಯಾಡ.
ನನ್ನ ತಪ್ಪು ನನ್ನ ಮುಂದನ ಚೆಲ್ಲಬೇಕು.”

ಬೆಂಕಿ ಇಲ್ಲದೆ ಹೊಗೆ ಇಲ್ಲ ಎಂದು ಕಲಿತಿದ್ದೇವೆ.
ಹೊಗೆ ಇಲ್ಲದ ಬೆಂಕಿಗೆ ಗಾದೆ ಕಟ್ಟಿದವರಿಲ್ಲ.

ಕಾಗದಕ್ಕಂಟಿದ ಎರಡು ಚಕ್ಕೆಯನ್ನು
ಕೋಳಿಗರಿಯಿಂದ ಗೋರಿ ಡಬ್ಬಿಗಿಳಿಸಿದರು.
ಒಂದು ಡಬ್ಬಿ ಮುಚ್ಚುವ ತನಕ ಇನ್ನೊಂದನ್ನು ಮುಟ್ಟಲಿಲ್ಲ.
ನನ್ನ ಕೂಲಿಯ ಚಿಲ್ಲರೆ ಎಣಿಸಿದರು,
ಇನ್ನೊಮ್ಮೆ ಎಣಿಸಿದರು.

ಬೆಟಗೇರಿಯ ಬಸ್ಸಿನಲ್ಲಿ ಬೆರಳು ಮೂಸಿ ನೋಡಿಕೊಂಡೆ.
ಹುಳಿ ಇರಲಿಲ್ಲ.