ಮುನ್ನಿಗೆ ಯಾವ ಬಣ್ಣ

ಕಪನೂರಿನ ದಾಲ್ ಮಿಲ್ಲಿನಾಗ, ತೂಕದ ಖೋಲಿ ಹಿಂದ,
ಒಂದು ಕಂಪ್ಯೂಟರು, ಅದರ ಮ್ಯಾಲ ಹೊಟ್ಟಿನ ಧೂಳು.
ಬ್ಯಾಳಿ ಆರಿಸೋ ಮಷಿನ್ನು ಲಾತೂರಿಂದ ಸೆಕೆಂಡ್ ಹ್ಯಾಂಡ್ ಬಂದದ್ದು.
ಮಾಡಿದ ಕಂಪನಿ ಮುಚ್ಚಿ ಹದಿನಾರು ವರ್ಷ.
ಅದರ ಭಾಷಾ ಮಾತ್ರ ಇಲ್ಲೇ ಉಳದದ,
ಎಂಟುನೂರಾ ನಾಲ್ಕು ಸಾಲು.
ಆಡೋರಿಲ್ಲ. ಕೇಳೋದು ಮಷಿನ್ ಒಂದೇ.

ಹೊಸ ಎಡಿಟರಿಗೆ ಫೈಲು ತೋರಿಸಿದೆ.
ಯಾವ ಭಾಷಾ ಅಂತ ಸೈತ ಕೇಳಲಿಲ್ಲ,
'ಸಾದಾ ಅಕ್ಷರ' ಅಂತ ಮೂಲ್ಯಾಗ ಸಣ್ಣಗ ಬರದು ಸುಮ್ಮನಾಯ್ತು.
ಹುಕುಮೂ ಬೂದಿ ಬಣ್ಣ, ಲೆಕ್ಕಾನೂ ಬೂದಿ,
ಗಾಳಿ ಊದು ಅನ್ನೋದೂ, ಕರೀ ಕಾಳು ಒಗಿ ಅನ್ನೋದೂ
ಅದಕ್ಕ ಒಂದೇ.

ಇನ್ನ ನಾನೇ ಕಲಸಬೇಕು.

ಮೊದಲ ಬಾಲ ತೋರಿಸಿದೆ: ಹೆಸರಿನ ಕೊನಿಗಿ ಈ ಮೂರು ಅಕ್ಷರ ಇದ್ರ
ನಮ್ಮದು ಅಂತ ತಿಳಕೋ.
ಆಮ್ಯಾಲ ಶಬ್ದಗಳ ಪಟ್ಟಿ.
ಮರದಾಗ ಬ್ಯಾಳಿ ಹಸನ ಮಾಡಿದಂಗ
ಹುಕುಮು ಈ ಕಡಿ, ಹೆಸರು ಆ ಕಡಿ,
ಎಲ್ಲೂ ಸೇರದ್ದು ಅಂಗೈಯಾಗ.

ಕೊಟೇಷನ್ನಿನ ನಡುವಿನ ಮಾತು ಹಸರಾಗಲಿ ಅಂತ
ಚುಕ್ಕಿ ಇಟ್ಟೆ, ಪಕ್ಕಕ್ಕ ಒಂದು ನಕ್ಷತ್ರ.
ಹಗ್ಗ ಬಿಚ್ಚಿದ ಎಮ್ಮಿ ಹಂಗ ಸಾಲೆಲ್ಲಾ ಮೇದು
ಕಟ್ಟಕಡೀ ಕೊಟೇಷನ್ನಿಗಿ ಹೋಗಿ ನಿಂತಿತು.
ಎರಡು ದಿನ ತಲಿ ತುರಿಸಿಕೊಂಡೆ.
ನಕ್ಷತ್ರದ ಮುಂದ ಒಂದೇ ಒಂದು ಪ್ರಶ್ನಾರ್ಥಕ ಹಚ್ಚಬೇಕಿತ್ತು.
ಹಚ್ಚಿದ ಮ್ಯಾಲ
ಬೇಕಾದಷ್ಟೇ ತಿಂದು ತೆಪ್ಪಗ ನಿಂತಿತು.

ನಡುನಡುವ ಮಶಾಕ ಮಿಸ್ತ್ರಿ ಬರದಿಟ್ಟ ಟಿಪ್ಪಣಿ,
ಇಂಗ್ಲಿಷ್ ಅಕ್ಷರದಾಗ ಕಲಬುರಗಿ ಮಾತು:
ಇಲ್ಲಿ ಕೈ ಹಚ್ಚಬ್ಯಾಡ್ರಿ.
ಮಳಿಗಾಲದಾಗ ಇದು ಎರಡು ಮಾಡ್ರಿ, ಕಾಳು ತಂಪು ಹಿಡದಿರತಾವ.
ಪ್ರತಿ ಶಬ್ದದ ಬುಡಕ್ಕ ಕೆಂಪು ಗೆರಿ, ಹುಳದಂಗ ಸೊಟ್ಟಸೊಟ್ಟ.
ನಂಗ ಗುರ್ತದ ಆ ಗೆರಿ.
ಪಿಯುಸಿಯಾಗ ನನ್ನ ಪ್ರಬಂಧದ 'ಅದ'ಕ್ಕ
ಮೇಡಂ ಎಳದದ್ದು, ಹದಿನಾಕು ಕಡಿ.
ಗೆರಿ ತೆಗದು ಹಾಕಿದೆ. ಟಿಪ್ಪಣಿಗಿ
ತೊಗರಿ ಹೂವಿನ ಹಳದಿ ಕೊಟ್ಟೆ.
ಮಷಿನ್ ಅದನ್ನ ಓದಂಗಿಲ್ಲ. ನಾನು ಓದತೀನಿ.

ಅಂಗೈಯಾಗ ಒಂದು ಶಬ್ದ ಉಳೀತು. ಮುನ್ನಿ.
ನಲವತ್ತೊಂದನೇ ಸಾಲು: ಮುನ್ನಿ ಐದು. ನಲವತ್ತೆರಡು: ಮುನ್ನಿ ಮುಗಿಯೋತನ ತಡಿ.
ಹರಕು ಮ್ಯಾನುವಲ್ಲಿನಾಗ ಎಲ್ಲೂ ಇಲ್ಲ.
ಹುಕುಮೋ, ಹೆಸರೋ?

ಐತವಾರ ಮೋಮಿನಪುರಕ್ಕ ಹೋದೆ.
ಮಿಸ್ತ್ರಿ ಕಣ್ಣಿನ ಆಪರೇಷನ್ ಮಾಡಿಸಿಕೊಂಡು ಕರೀ ಚಷ್ಮಾ ಹಾಕಿ ಕುಂತಿದ್ದ.
ಹೆಸರು ಕೇಳಿದ್ದೇ ಚಹಾ ಬಸಿಯಾಗ ಚೆಲ್ಲೋಹಂಗ ನಕ್ಕ.
'ಬಿಲ್ಲಿ ಥೀ ಬೇಟಾ! ಬೆಕ್ಕು!
ರಾತ್ರಿ ಬೆಲ್ಟಿನ ಮ್ಯಾಲ ಮಲಗತಿತ್ತು, ಬೆಚ್ಚಗಿರತದ ನೋಡು.
ಸ್ವಿಚ್ ಒತ್ತಿದ್ರ ಮೊದಲ ಗಂಟಿ ಬಡೀಬೇಕು,
ಅದು ಎದ್ದು, ಮೈ ಮುರದು, ಇಳದು ಹೋಗಬೇಕು,
ಆಮ್ಯಾಲ ಬೆಲ್ಟು.
ಗಡಿಯಾರ ಹಿಡದು ನೋಡೀನಿ. ಐದು ಸೆಕೆಂಡು.'
ಮುನ್ನಿ ಹೋಗಿ ಎಷ್ಟು ವರ್ಷಾಯ್ತು?
ಬೆರಳು ಎಣಿಸಿ, ನಡುವ ಬಿಟ್ಟ.

ಸೋಮವಾರ ನಸುಕಿನ್ಯಾಗ ಜಗದೇವಿ ಸ್ವಿಚ್ ಒತ್ತಿದಳು.
ಗಂಟಿ. ಆಮ್ಯಾಲ ಏನಿಲ್ಲ.
'ಇದು ಯಾವಾಗ್ಲೂ ಹಿಂಗೇ, ತಡದು ಏಳತದ' ಅಂದಳು,
ಸೆರಗು ಸೊಂಟಕ್ಕ ಸಿಗಿಸಿಕೊಂಡಳು.
ನಾನು ಬೆಲ್ಟಿನ ಕಡಿ ನೋಡಕೋತ ನಿಂತೆ.
ಗುಡು ಗುಡು ಅಂತ ಬ್ಯಾಳಿ ಬೀಳಲಾಕ ಹತ್ತಿತು.

ಹುಕುಮುಗಳ ಪಟ್ಟಿ ತೆಗದೆ.
ತಡಿ, ಊದು, ಒಗಿ, ನಿಲ್ಲು,
ಅದರ ಕೆಳಗ ಮುನ್ನಿ ಅಂತ ಬರದು ಸೇವ್ ಮಾಡಿದೆ.
ತಪ್ಪದ, ಗೊತ್ತದ.
ಕಂಸಕ್ಕ ಕಂಸ ಜೋಡಿ ಹಚ್ಚೋದು ಇನ್ನಾ ಬಾಕಿ,
ಮುನ್ನೂರಾ ಹನ್ನೊಂದನೇ ಸಾಲಿನಾಗ ಒಂದು ತೆರದಿದ್ದು
ಎಲ್ಲಿ ಮುಚ್ಚತದೋ ಸಿಕ್ಕಿಲ್ಲ.